ರಾಜನ ಕನ್ನಡ ಯಾರ ಬಾಯಲ್ಲಿ?

ಎತ್ತರದ ಕುರ್ಚಿಯಲ್ಲಿ ವಿರಾಜಮಾನರಾದ ಅಧ್ಯಕ್ಷ ಅನೂಪ್ ಅವರೇ, ಬೆಂಗಳೂರಿನಿಂದ ಹಾರಿ ಬಂದ ಅತಿಥಿಗಳೇ, ಬಿಸಿಬೇಳೆಬಾತಿನ ಘಮವನ್ನು ಸಹಿಸಿಕೊಂಡು ಕುಳಿತಿರುವ ಈ ಕೊಲ್ಲಿ ನಾಡಿನ ರೂವಿಯ ಸಭಿಕರೇ,

ಈ ಶಾಲು ಭಾರವಾಗಿದೆ. ಬಡವರಿಗಾಗಿ ಲಿಪಿ ಕಟ್ಟಿದ ರಾಜನ ಕುರಿತ ಕೊರಿಯಾದ ಐತಿಹಾಸಿಕ ಧಾರಾವಾಹಿಯ ಒಂದು ದೃಶ್ಯಕ್ಕೆ ಕನ್ನಡ ಮಾತು ಬರೆದ ಹೊನ್ನಪ್ಪನಿಗೆ ಸನ್ಮಾನವಂತೆ!

ಈ ಹುಚ್ಚು ಹತ್ತಿಸಿದವಳು ನಮ್ಮ ಕಟ್ಟಡದ ಬ್ಯೂಟಿಪಾರ್ಲರಿನ ಸೊಖಾ, ಕಾಂಬೋಡಿಯದವಳು. ಅವಳ ಮೊಬೈಲಿನಲ್ಲಿ ಕೊರಿಯಾದ ರಾಜ ಅವಳದೇ ಖ್ಮೇರ್ ಭಾಷೆಯಲ್ಲಿ ಗುಡುಗುತ್ತಿದ್ದ! "ನಮ್ಮಲ್ಲಿ ರಾಜ ಊಟ ಮಾಡ್ತಾನೆ ಅನ್ನೋದಕ್ಕೇ ಬೇರೆ ಮಾತು ಸಾರ್. ಆ ಅರಮನೆ ಮಾತು ನಾನು ಕಲಿತದ್ದು ಡಬ್ಬಿಂಗ್ ಕೇಳಿಯೇ" ಅಂದಳು. ಧ್ವನಿ ಯಾರದಮ್ಮಾ ಎಂದೆ. ನಕ್ಕಳು. "ರಾಜಂದು ಸಾರ್!"

ಅದಲ್ಲವೇ ನಾಟಕ? ಅದಲ್ಲವೇ ಡಬ್ಬಿಂಗ್?

ಕಂಪನಿ ನಾಟಕದ ನೆರಳಲ್ಲಿ ಬೆಳೆದವನು ನಾನು. ಮೀಸೆ ಬಂದರೂ ದ್ವಾರಪಾಲಕ, ಮೀಸೆ ನರೆತರೂ ದ್ವಾರಪಾಲಕ. "ಯಾರಲ್ಲಿ!" ಎಂದರೆ "ಅಪ್ಪಣೆ ಪ್ರಭು!" ಅಷ್ಟೇ. ಕಿರೀಟ ಮಾಲೀಕರ ಅಳಿಯನಿಗೆ. ಇರಲಿ, ಅದು ಹಳೆಯ ಮಾತು.

ನಮ್ಮ ರಾಜನಿಗೆ ಧ್ವನಿ ಕೊಟ್ಟವರು ಬಟ್ಟೆ ಅಂಗಡಿಯ ಅಲಿ. ಮನೆಮಾತು ಬ್ಯಾರಿ, ಕನ್ನಡ ಕಲಿತದ್ದು ವಿಟ್ಲದ ಸರಕಾರಿ ಶಾಲೆಯಲ್ಲಿ. ಒಂದು ಅಕ್ಷರ ಜಾರುವುದಿಲ್ಲ, ಒಂದು ಒತ್ತು ಸವೆಯುವುದಿಲ್ಲ! ಕಳೆದ ವಾರ ಅಧ್ಯಕ್ಷರು ಧ್ವನಿಮುದ್ರಣ ಕೇಳಿದರು, ಹುಬ್ಬು ಗಂಟಿಕ್ಕಿದರು. "ಹೊನ್ನಪ್ನೋರೇ, ರಾಜನ ಕನ್ನಡ ಅಂದ್ರೆ ಮನೆಮಾತಿನೋರ ಬಾಯಲ್ಲೇ ಬರ್ಬೇಕಲ್ವಾ?" ಮರುದಿನ ರಾಜನ ಮಾತನ್ನೆಲ್ಲ ಅಳಿಸಿ, ತಮ್ಮ ಧ್ವನಿಯನ್ನೇ ತುಂಬಿದರು. ನನ್ನನ್ನೂ ಒಂದು ಮಾತು ಕೇಳಲಿಲ್ಲ. ನನ್ನ ಮನೆಮಾತೂ ಕನ್ನಡವೇ ತಾನೇ? ಬಿಡಿ.

ಅಲಿ ಏನೆಂದರು ಗೊತ್ತೇ? "ಖಲಾಸ್ ಹೊನ್ನಪ್ಪಣ್ಣ, ಬೇಜಾರಿಲ್ಲ ಮಾರಾಯ್ರೆ. ಬಾಗಿಲು ಕಾಯುವವನ ಪಾತ್ರ ಖಾಲಿ ಉಂಟಲ್ಲ?"

ಬಾಗಿಲು ಕಾಯುವವನು! ಆ ಮಾತು ನನ್ನ ಎದೆಗೆ ಎಲ್ಲಿ ನಾಟಿತೆಂದು ಅವರಿಗೆ ಗೊತ್ತಿಲ್ಲ.

ಕಿಟಕಿಯ ಜಾಲರಿ ನೋಡಿ ಆ ಕೊರಿಯಾದ ರಾಜನಿಗೆ ಅಕ್ಷರಗಳ ಆಕಾರ ಹೊಳೆಯಿತೆಂದು ಒಂದು ಕಟ್ಟುಕಥೆ ಇದೆಯಂತೆ. ಶುದ್ಧ ಭಾಷೆ ಶುದ್ಧ ಮನೆಯಲ್ಲೇ ಹುಟ್ಟುತ್ತದೆ ಎಂಬುದು ನಮ್ಮ ಕಟ್ಟುಕಥೆ. ಅವರ ಕಥೆಯಲ್ಲಿ ಕಿಟಕಿಯಾದರೂ ಇದೆ!

ಅಲಿ ಇಂದು ಬಂದಿಲ್ಲ. ಎರಡು ರಸ್ತೆ ಆಚೆ ಬಟ್ಟೆ ಅಳೆಯುತ್ತಿದ್ದಾರೆ. ನನ್ನ ಫೋನ್ ಎತ್ತುತ್ತಿಲ್ಲ.

ಈಗ ದೀಪ ಆರುತ್ತದೆ. ರಾಜ ಬಡವರ ಕೈಗೆ ಅಕ್ಷರ ಕೊಡುತ್ತಾನೆ. ಧ್ವನಿ ಅಲಿಯವರದು. ಅಳಿಸುವ ಮುಂಚಿನ ಪ್ರತಿ ನನ್ನಲ್ಲಿತ್ತು; ಪೆನ್‌ಡ್ರೈವ್ ಬದಲಿಸಿದವನು ನಾನೇ. ನಿಲ್ಲಿಸುವುದಾದರೆ ಅಧ್ಯಕ್ಷರು ಎದ್ದು ಬರಲಿ, ಎಲ್ಲರೆದುರು ನಿಲ್ಲಿಸಲಿ. ಶಾಲನ್ನು ಮೇಜಿನ ಮೇಲೆ ಇಟ್ಟಿದ್ದೇನೆ.

ಸಹನೆಯಿಂದ ಕೇಳಿದಿರಿ, ಋಣಿ. ದ್ವಾರಪಾಲಕನ ನಮಸ್ಕಾರ.