ರಷ್ಯದ ಕವಿಯ ಹೆಂಡತಿ ಹೀಗಿರಲಿಲ್ಲ

ಹೇಳು ಅಂದ್ರೆ ಹೇಳ್ಬೇಕು ಯಾಮಿನಿ. ಹಾಗೆ ಗೋಡೆ ನೋಡ್ಕೊಂಡು ಕೂತ್ರೆ ಟೇಪಲ್ಲಿ ಏನು ಗೋಡೆ ಮಾತಾಡುತ್ತಾ? ನೋಡು, ಕೆಂಪು ದೀಪ ಹತ್ಕೊಂಡಿದೆ, ಕ್ಯಾಸೆಟ್ ತಿರುಗ್ತಿದೆ. ಮೊದಲನೇದರಿಂದ ಶುರು ಮಾಡು, ಶುವೈಖ್ ಬಂದರಿನ ಹಡಗಿನ ಕವಿತೆಯಿಂದ. ಯಲ್ಲಾ, ಬೇಗ! ನಮ್ಮ ಆಫೀಸಿನ ಅಬ್ದುಲ್ ನಾಸಿರ್ ಆಗಲೇ ಕಾರು ತಂದು ಕೆಳಗೆ ಕಾಯ್ತಿದ್ದಾನೆ. ವಿಮಾನ ನಿನಗೋಸ್ಕರ ನಿಲ್ಲಲ್ಲ.

ಏನು, ಗಂಟಲು ಕಟ್ಟಿದೆಯಾ? ನೀರು ಕೊಡ್ಲಾ? ಬೇಡ... ಸರಿ, ಹಾಗಾದ್ರೆ ಕೋಪ. ಇದೇ ಹೊತ್ತಲ್ಲಿ ಬರಬೇಕು ನಿಂಗೆ ಕೋಪ!

ನೋಡೇ, ನಾನು ಕೇಳ್ತಿರೋದು ನಿನ್ನ ಒಡವೆ ಅಲ್ಲ. ನನ್ನ ಕವಿತೆ, ನನ್ನದೇ ಕವಿತೆ! ಈ ಹಾಲಲ್ಲಿ ಲುಂಗಿ ಉಟ್ಕೊಂಡು ಆ ಕಡೆಯಿಂದ ಈ ಕಡೆ ಓಡಾಡ್ತಾ ನಾನು ಕಟ್ಟಿದ್ದು. ನೀನು ಅಡುಗೆಮನೆಯಲ್ಲಿ ಸೊಪ್ಪು ಬಿಡಿಸ್ತಾ ಕೇಳಿಸ್ಕೊಂಡೆ, ನೆನಪಿಟ್ಕೊಂಡೆ, ಅಷ್ಟೇ. ಅದೇನು ದೊಡ್ಡ ಘನಂದಾರಿ ಕೆಲಸ? ಬೆಂಗಳೂರಿನ ಪ್ರಕಾಶಕರು ಕೊನೆಗೂ ಒಪ್ಪಿದ್ದಾರೆ ಕಣೇ. ಕನ್ನಡ ಸಂಘದ ರಾಜ್ಯೋತ್ಸವಕ್ಕೆ ಇಲ್ಲೇ, ಕುವೈತಲ್ಲೇ ಬಿಡುಗಡೆ. ಹಸ್ತಪ್ರತಿ ಕಳಿಸಿ ಅಂತಿದ್ದಾರೆ. ನಾನೇನು ಕಳಿಸ್ಲಿ? ನಿನ್ನ ತಲೆ ಪಾರ್ಸೆಲ್ ಮಾಡ್ಲಾ?

ಹಾಗೆ ನೋಡ್ಬೇಡ. ಗೊತ್ತು, ನೀನು ಏನು ಹೇಳ್ತೀಯ ಅಂತ. ಬರೆದಿಟ್ಕೊಳ್ಳಿ ಬರೆದಿಟ್ಕೊಳ್ಳಿ ಅಂತ ಬಡ್ಕೊಂಡೆ, ಕೇಳಲಿಲ್ಲ ಅಂತೀಯ. ನಾನು ಯಾಕೆ ಬರೀಲಿಲ್ಲ? ನನ್ನ ರಷ್ಯನ್ ಕವಿ ಬರೀತಿರಲಿಲ್ಲ, ಅದಕ್ಕೇ ಬರೀಲಿಲ್ಲ. ಅವನು ನಡೀತಾ ನಡೀತಾ ತುಟಿ ಅಲ್ಲಾಡಿಸ್ತಾ ಕವಿತೆ ಕಟ್ತಿದ್ದ. ಕವಿತೆ ಬಾಯಲ್ಲಿ ಹುಟ್ಟಬೇಕು, ಬಾಯಲ್ಲಿ ಬೆಳೀಬೇಕು. ಪೇಪರು ಅನ್ನೋದು ನನ್ನಂಥ ಅಕೌಂಟೆಂಟುಗಳಿಗೆ, ಬಿಡಿಭಾಗದ ಬಿಲ್ಲು ಬರೆಯೋಕೆ. ನೀನು ಮಾತ್ರ ಅವತ್ತೇ ನಕ್ಕೆ. 'ರೀ, ಅವನ ಕವಿತೆ ಕಂಡ್ರೆ ಪೊಲೀಸರು ಬರ್ತಿದ್ರು. ನಿಮ್ಮ ಕವಿತೆಗೆ ಯಾರ್ರೀ ಬರ್ತಾರೆ?' ಅಂದೆ. ನಿನ್ನ ಬಾಯಿಗೆ ಆವತ್ತೇ ಬೀಗ ಹಾಕ್ಬೇಕಿತ್ತು!

ಆಮೇಲೆ ಅವನಿಗೆ ಸವತಿ ಅಂತ ಹೆಸರಿಟ್ಟೆ. 'ನಿಮ್ಮ ರಷ್ಯದವಳು ಬಂದ್ಲಾ?' ಅಂತ ಟೀ ಕೊಡ್ತಾ ಕೇಳ್ತಿದ್ದೆ. ಗಂಡಸನ್ನ ಸವತಿ ಅಂತಾರೇನೇ? ಅದೂ ಅಂಥ ಗಂಡಸನ್ನ! ದೇಶ ಆಳೋ ದೊರೆ ಮೇಲೇ ಒಂದು ಕವಿತೆ ಕಟ್ಟಿ, ನಾಲ್ಕು ಜನ ಗೆಳೆಯರ ಮುಂದೆ ಹೇಳಿದ. ಬರೀ ಹೇಳಿದ, ಬರೆದಿದ್ದಲ್ಲ. ಆ ನಾಲ್ಕರಲ್ಲಿ ಯಾವನೋ ಚಾಡಿ ಹೇಳಿದ. ಮನೆಗೆ ನುಗ್ಗಿ ಪಾತ್ರೆ ಪಡಗ ಎಲ್ಲಾ ಜಾಲಾಡಿದ್ರಂತೆ. ಆಮೇಲೆ ಒಂದು ಮುದ್ರೆ ಒತ್ತಿ, ಇನ್ನು ಈ ಊರಲ್ಲಿ ನಿಂಗೆ ಜಾಗ ಇಲ್ಲ, ನಡಿ ಅಂತ ರೈಲು ಹತ್ತಿಸಿಬಿಟ್ರು ಪಾಪ...

ಯಾಕೆ ನಗ್ತೀಯ? ಇದ್ರಲ್ಲಿ ನಗೋದೇನಿದೆ? ಒಬ್ಬ ಮನುಷ್ಯನ್ನ ಮನೆ ಬಿಡಿಸಿ ಓಡಿಸೋದು ನಿಂಗೆ ತಮಾಷೆಯಾ?

ಸರಿ ಬಿಡು. ನಿಂಗೆ ಅವನ ಕಷ್ಟ ಏನು ಗೊತ್ತು. ಅವನ ಹೆಂಡತಿ ವಿಷಯ ಹೇಳ್ತೀನಿ, ಅದನ್ನಾದ್ರೂ ಕಿವಿಗೆ ಹಾಕ್ಕೋ. ಅವನನ್ನ ಎರಡನೇ ಸಲ ಹಿಡ್ಕೊಂಡು ಹೋದ್ರು. ಎಲ್ಲೋ ದೂರದ ಚಳಿಯ ಶಿಬಿರದಲ್ಲಿ ಸತ್ತ. ಹೂತ ಜಾಗ ಕೂಡ ಗೊತ್ತಿಲ್ಲ. ಅವಳೇನು ಮಾಡಿದ್ಲು? ತವರಿಗೆ ಹೋಗಿ ಅಳ್ತಾ ಕೂತ್ಲಾ? ಊರಿಂದ ಊರಿಗೆ ಅಲೆದ್ಲು. ನೂಲಿನ ಮಿಲ್ಲಲ್ಲಿ ದುಡಿದ್ಲು. ಯಂತ್ರಗಳ ಮಧ್ಯೆ ಓಡಾಡ್ತಾ ಗಂಡನ ಕವಿತೆಗಳನ್ನ ಒಂದೊಂದಾಗಿ ಗೊಣಗೋಳು, ಮರೆಯಬಾರ್ದು ಅಂತ. ಯೌವನ ಹೋಯ್ತು, ಹಲ್ಲು ಹೋಯ್ತು, ಒಂದು ಸಾಲು ಹೋಗಲಿಲ್ಲ! ಇವತ್ತು ಜಗತ್ತೇ ಅವನನ್ನ ಓದುತ್ತೆ ಅಂದ್ರೆ ಅದು ಅವಳಿಂದ. ಅವಳು ಕಣೇ ಹೆಂಡತಿ. ನೀನೂ ಇದ್ದೀಯ, ಗಂಡ ಎದುರಿಗೆ ನಿಂತು ಬೇಡ್ತಿದ್ರೂ ಬಾಯಿಗೆ ಕಡುಬು ತುಂಬ್ಕೊಂಡವಳ ಥರ.

ಸುಮ್ನೆ ಒಂದು ಮಾತು ಹೇಳ್ಲಾ? ನಿನ್ನನ್ನ ನಾನು ಕಟ್ಕೊಂಡಿದ್ದೇ ಆ ನೆನಪಿನ ಶಕ್ತಿಗೆ. ರೂಪ ಅಂತೂ... ಬಿಡು. ಮಕ್ಕಳು ಅಂತೂ ಆಗಲಿಲ್ಲ. ನಿಮ್ಮಪ್ಪ ಹೇಳಿದ್ರು, ಒಂದು ಸಲ ಕೇಳಿದ್ರೆ ಸಾಕು, ನಮ್ಮ ಹುಡುಗಿ ಇಡೀ ಹರಿಕಥೆ ಒಪ್ಪಿಸ್ತಾಳೆ ಅಂತ. ಸರಿ, ಒಳ್ಳೇ ಟೇಪ್ ರೆಕಾರ್ಡರ್ ಸಿಕ್ತು ಅಂದ್ಕೊಂಡೆ. ಟೇಪ್ ರೆಕಾರ್ಡರ್ ಎದ್ದು ನಿಂತು ಶಾಲು ಹೊದಿಸ್ಕೊಳ್ಳುತ್ತೆ ಅಂತ ಯಾರಿಗೆ ಗೊತ್ತಿತ್ತು!

ಹೂಂ, ಅದನ್ನೇ ಹೇಳ್ತಿರೋದು. ಹೋದ ವರ್ಷದ ಕವಿಗೋಷ್ಠಿ. ವೇದಿಕೆ ಮೇಲೆ ನಂಗೆ ಒಂದು ಸಾಲು ತಪ್ಪಿತು, ಒಪ್ತೀನಿ. ಯಾವಾಗಲೂ ಹಾಗೇ ತಾನೆ? ಮುಂದಿನ ಸಾಲಲ್ಲಿ ಕೂತು ನೀನು ತುಟಿ ಅಲ್ಲಾಡಿಸ್ಬೇಕು, ನಾನು ನೋಡ್ಕೊಂಡು ಹೇಳ್ಬೇಕು. ಆವತ್ತು ಎದ್ದು ನಿಂತೆಯಲ್ಲ! ಎದ್ದು ನಿಂತು, ಸೆರಗು ಸರಿ ಮಾಡ್ಕೊಂಡು, ಪೂರ್ತಿ ಕವಿತೆ ಹೇಳಿದೆಯಲ್ಲ! ಇಡೀ ಸಭೆ ಚಪ್ಪಾಳೆ. ನಮ್ಮ ಸಂಘದ ಅಧ್ಯಕ್ಷ ಫ್ರೆಡ್ರಿಕ್ ಇದ್ದಾನಲ್ಲ, ಕವಿತೆ ಅಂದ್ರೆ ಗಂಧಗಾಳಿ ಗೊತ್ತಿಲ್ಲದವನು, ನಂಗೆ ಅಂತ ತಂದಿದ್ದ ಶಾಲನ್ನ ನಿಂಗೆ ಹೊದಿಸ್ದ. 'ಇವರದೇ ಇರಬೇಕು ಕವಿತೆ' ಅಂತ ಮೈಕಲ್ಲೇ ಜೋಕು ಬೇರೆ! ಜನ ಎಷ್ಟು ನಕ್ಕರು... ಮರುದಿನ ಆಫೀಸಲ್ಲಿ ಮಲಯಾಳಿಗಳೂ ಕೇಳಿದ್ರು, ಮುನಿಸ್ವಾಮಿ ಭಾಯಿ, ನಿಮ್ಮ ಹೆಂಡತಿ ಕವಿಯಂತೆ ಹೌದಾ ಅಂತ.

ಅದಕ್ಕೇನು ನಿನ್ನನ್ನ ಊರಿಗೆ ಕಳಿಸ್ತಿದ್ದೀನಾ? ಛೆ! ಅಮ್ಮನ ಕಣ್ಣಿನ ಆಪರೇಷನ್ ಕಣೇ. ಅವಳಿಗೆ ಸೊಸೆ ಬಿಟ್ರೆ ಇನ್ಯಾರಿದ್ದಾರೆ? ಎರಡು ತಿಂಗಳು ನೋಡ್ಕೋ, ಬಾ. ನಾನೇ ಏರ್‌ಪೋರ್ಟಿಗೆ ಬರ್ತಿದ್ದೆ, ಆಫೀಸಲ್ಲಿ ಆಡಿಟ್ ಇದೆ. ಪಾಸ್‌ಪೋರ್ಟು ಅಬ್ದುಲ್ ನಾಸಿರ್ ಹತ್ರ ಇದೆ, ಅಲ್ಲೇ ಕೊಡ್ತಾನೆ. ಯಾವಾಗಲೂ ನಮ್ಮ ಕಂಪನಿಯವರ ವೀಸಾ, ಇಕಾಮಾ ಪರ್ಮಿಟ್ಟು ಎಲ್ಲಾ ನೋಡ್ಕೊಳ್ಳೋದು ಅವನೇ ಅಲ್ವಾ... ಅದಕ್ಕೇ ಅವನ ಹತ್ರ ಇದೆ.

ಯಾಕೆ ಹಾಗೆ ನೋಡ್ತೀಯ?

ನಿಂಗೇನೋ ಆಗಿದೆ ಇವತ್ತು. ಬೆಳಗ್ಗೆಯಿಂದ ನೋಡ್ತಿದ್ದೀನಿ. ಕರಿಬೇವಿನ ಕುಂಡ ಪಕ್ಕದ ಮನೆಯವಳಿಗೆ ಯಾಕೆ ಕೊಟ್ಟೆ? ಎರಡು ತಿಂಗಳು ನಾನು ನೀರು ಹಾಕ್ತಿರಲಿಲ್ವಾ? ಬೀರು ಪೂರ್ತಿ ಖಾಲಿ. ಅಲ್ಲಿ ದೇವರ ಗೂಡು ಯಾಕೆ ಖಾಲಿ? ದೇವರ ಫೋಟೋ, ದೀಪ, ಎಲ್ಲಾ ಪೆಟ್ಟಿಗೆಗೆ ಹಾಕ್ಕೊಂಡಿದ್ದೀಯ! ಎರಡು ತಿಂಗಳಿಗೆ ಹೋಗೋಳು ಯಾರಾದ್ರೂ ದೇವರನ್ನ ಕಟ್ಕೊಂಡು ಹೋಗ್ತಾರಾ?

...ಯಾಮಿನಿ.

ಅಬ್ದುಲ್ ನಾಸಿರ್ ಏನಾದ್ರೂ ಹೇಳಿದ್ನಾ?

ಹೇಳಿದ್ನಾ? ಮಾತಾಡೇ! ಅಕ್ಕ ಅಕ್ಕ ಅಂತ ಮೀನು ತಂದು ಕೊಟ್ಟಾಗಲೇ ಅಂದ್ಕೊಂಡೆ. ಚಾಡಿಕೋರ! ಅವನಿಗೆ ಖಡಾಖಂಡಿತವಾಗಿ ಹೇಳಿದ್ದೆ, ಅಕ್ಕನಿಗೆ ಇಮಿಗ್ರೇಷನ್ ದಾಟಿದ ಮೇಲೆ ಗೊತ್ತಾಗ್ಲಿ ಅಂತ...

ಹೌದು. ಹೌದು ಕಣೇ, ನಿನ್ನ ವೀಸಾ ಕ್ಯಾನ್ಸಲ್ ಮಾಡಿಸಿದೆ. ಖಲಾಸ್! ನೀನು ಇಲ್ಲಿರೋದು ನನ್ನ ಹೆಸರಿನ ಮೇಲೆ, ನಾನು ಬೇಡ ಅಂದ್ರೆ ಮುಗೀತು. ಏನೀಗ? ಅಮ್ಮನ ಕಣ್ಣು ಚೆನ್ನಾಗೇ ಇದೆ. ನಿಮ್ಮಪ್ಪನ ಮನೆಗೆ ಹೋಗು. ಹರಿಕಥೆ ಮಾಡ್ಕೋ, ಶಾಲು ಹೊದಿಸ್ಕೋ, ನಂಗೇನು! ನನ್ನ ಕವಿತೆ ನಂಗೆ ವಾಪಸ್ ಕೊಟ್ಟು ಎಲ್ಲಿಗಾದ್ರೂ ಹೋಗು.

ಹೇಳು. ಮೊದಲನೇದು. 'ಶುವೈಖಿನ ಹಡಗಿಗೆ ಯಾವ ಊರು...' ನೋಡು, ಶುರು ನಂಗೇ ಬರುತ್ತೆ. ಯಾವ ಊರು... ಯಾವ ಊರು... ಆಮೇಲೆ ಉಪ್ಪು ಅಂತ ಏನೋ ಬರುತ್ತೆ. ಉಪ್ಪಾ, ಉಸಿರಾ? ಏನೇ ಅದು? ನಿಂಗೆ ಗೊತ್ತು! ನಿನ್ನ ನಾಲಿಗೆ ತುದಿಯಲ್ಲಿದೆ, ನಂಗೆ ಕಾಣ್ತಿದೆ!

ಕೂತ್ಕೋ. ಯಾಕೆ ಎದ್ದೆ? ಪೆಟ್ಟಿಗೆ ಕೆಳಗಿಡು. ಹೊಡೆಯಲ್ಲ, ಕೂತ್ಕೋ... ನೋಡು, ಮತ್ತೆ ವೀಸಾ ಮಾಡಿಸ್ತೀನಿ. ಅಮ್ಮನ ಆಣೆ! ಒಂದೇ ತಿಂಗಳು. ಆ ಫ್ರೆಡ್ರಿಕ್ ಮುಂದೆ ನಾನೇ ನಿಂಗೆ ಶಾಲು ಹೊದಿಸ್ತೀನಿ. ಪುಸ್ತಕದಲ್ಲಿ ನಿನ್ನ ಹೆಸರೂ ಹಾಕಿಸ್ತೀನಿ, ಮೊದಲನೇ ಪುಟದಲ್ಲೇ. ಬೇಡ್ವಾ? ಹಾಗಾದ್ರೆ ಎಲ್ಲಾ ಬೇಡ, ಅರ್ಧ ಹೇಳು. ಒಂದು ಕವಿತೆ ಹೇಳು. ಹನ್ನೊಂದು ವರ್ಷ ಕಣೇ! ಹನ್ನೊಂದು ವರ್ಷ ನಾನು ಈ ಹಾಲಲ್ಲಿ ನಡೆದಿದ್ದೆಲ್ಲಾ ನಿನ್ನ ತಲೆಯಲ್ಲಿದೆ, ನಂಗೆ ಏನೂ ಇಲ್ಲ...

ಬಾಗಿಲು ಯಾಕೆ ತೆಗೀತೀಯ? ಯಾಮಿನಿ! ಲೇ! ಅವಳು, ಆ ಕವಿಯ ಹೆಂಡತಿ, ಗಂಡ ಸತ್ತು ಮಣ್ಣಾದ ಮೇಲೂ ಹೇಳ್ತಾನೇ ಇದ್ಲು. ನಾನಿನ್ನೂ ಬದುಕಿದ್ದೀನಿ ಕಣೇ... ಬದುಕಿದ್ದೀನಿ. ಎರಡನೇ ಸಾಲು ಒಂದು ಹೇಳಿ ಹೋಗೇ.