ವರ್ಡೆಲ್ ಪ್ಲೇಟಿನ ಮಗುವಿನ ದನಿ

ಇದು ನಮ್ಮ ಪಕ್ಕದ ಮನೆಯ ಓಜೆಲ್ಲಾಗೆ ಆದದ್ದು, ಮಿಸಿಸಿಪ್ಪಿಯ ನಮ್ಮ ಹತ್ತಿಯೂರಿನಲ್ಲಿ. ಇಗರ್ಜಿಯ ಮೀನೂಟ ಮುಗಿಸಿ, ಎಂಟರ ಹುಡುಗಿ ವೀನಿಯ ಕೈ ಹಿಡಿದು ಹಾಳುಬಾವಿಯ ದಾರಿಯಲ್ಲಿ ಬರುತ್ತಿದ್ದಳು. ಹೊತ್ತು ಮೀರಿತ್ತು...

ಊಟದ ಹೊತ್ತಿಗೆ ಮುದುಕಿ ಅರ್ಜೀಲಿಯಾ ಓಜೆಲ್ಲಾಳನ್ನು ಪಕ್ಕಕ್ಕೆ ಕರೆದು ಆಡಿದ ಮಾತು ಇನ್ನೂ ಚುಚ್ಚುತ್ತಿತ್ತು. "ನಿನ್ನ ತಂಗಿ ಗ್ರಾಮಫೋನ್ ಪ್ಲೇಟು ಕ್ಷೌರದಂಗಡೀಲೂ ಅಳ್ತಿದೆ, ಮದುವೆಮನೇಲೂ ಅಳ್ತಿದೆ. ನಿನ್ನ ಮನೇಲಿ ಮಾತ್ರ ಯಾಕಮ್ಮ ಬಾಯಿ ಬಿಡಲ್ಲ?"

ತಂಗಿ ವರ್ಡೆಲ್ ಹಾಡುಗಾರ್ತಿ, 'ಸೋಲ್' ಅನ್ನುವ ಎದೆಯಾಳದ ಹಾಡು ಅವಳದು. ಹಾಡಿನ ಹುಚ್ಚಿಗೆ ಹಸುಗೂಸನ್ನು ಅಕ್ಕನ ಹೊಸಿಲಲ್ಲಿಟ್ಟು ಓಡಿದವಳು. ಅದನ್ನೇ ಒಂದಿಡೀ ಪ್ಲೇಟಿನಲ್ಲಿ ಹಾಡಿ ತಪ್ಪೊಪ್ಪಿಕೊಂಡಳು. ಆ ಕೂಸು ವೀನಿ. ಊರಿಗೆಲ್ಲ ಗೊತ್ತು, ವೀನಿಗೊಬ್ಬಳಿಗೆ ಗೊತ್ತಿರಲಿಲ್ಲ. ಹೆಸರಾದ ಮೇಲೆ ವರ್ಡೆಲ್ ಒಂದು ರಾತ್ರಿ ಮಗುವನ್ನು ಕೇಳಿಕೊಂಡು ಬಂದಳು. ಕೊರೆಯುವ ಚಳಿ. ಓಜೆಲ್ಲಾ ಚಿಲಕ ತೆಗೆಯಲಿಲ್ಲ.

"ಊರ ಮುಂದೆ ಅತ್ತು ಹೆಸರು ಮಾಡ್ಕೊಂಡ್ಯಲ್ಲ, ಅದನ್ನೇ ಸಾಕ್ಕೋ," ಅಂದಳು ಒಳಗಿಂದ.

ಮರುದಿನ ಬೆಳಿಗ್ಗೆ ವರ್ಡೆಲ್ ಈ ಹಾಳುಬಾವಿಯಲ್ಲಿ ಹೆಣವಾಗಿ ತೇಲುತ್ತಿದ್ದಳು.

ಈಗ ಇಬ್ಬರೂ ಆ ಬಾವಿಯ ಹತ್ತಿರ ಬಂದಾಗ ಗಾಳಿಯಿಲ್ಲದೆ ರಾಟೆ ಕಿರ್ ಎಂದಿತು. ತಳದಲ್ಲಿ ನೀರು ಗುಳುಗುಳು ಅಂದಿತು. ಅದರ ಮೇಲೊಂದು ದನಿ ಎದ್ದಿತು.

"ಕೂಸನ್ನ ಇಟ್ಟು ಬಂದೆ..."

ದನಿ ನಿಂತಿತು... ಕಾಯಿತು.

ನಮ್ಮ ಇಗರ್ಜಿಯಲ್ಲಿ ಯಾರೇ ಎದ್ದು ತಪ್ಪು ಹೇಳಿಕೊಂಡರೂ ಕೂತವರು "ಹೇಳು" ಅನ್ನಬೇಕು. ಅನ್ನದಿದ್ದರೆ ಹೇಳುವವರನ್ನು ನಡುನೀರಲ್ಲಿ ಕೈಬಿಟ್ಟ ಹಾಗೆ. ಮಕ್ಕಳಿಗೂ ಅದು ತಾನಾಗಿ ಬಾಯಿಗೆ ಬರುತ್ತದೆ.

"ಬಾಯಿ ಬಿಡಬೇಡ," ಓಜೆಲ್ಲಾ ಪಿಸುಗುಟ್ಟಿದಳು.

"ಯಾರಮ್ಮ ಅದು?"

"ಯಾರೂ ಅಲ್ಲ. ನಡಿ."

"ಪಾಪ... ಯಾರೂ ಹೇಳು ಅಂತಿಲ್ಲ ಅವಳಿಗೆ."

"ಹೊಸಿಲಲ್ಲಿ ಇಟ್ಟು ಬಂದೆ..."

ಓಜೆಲ್ಲಾ ಅಂಗೈಯಿಂದ ಹುಡುಗಿಯ ಬಾಯಿ ಒತ್ತಿದಳು. ಅಷ್ಟರಲ್ಲೇ ವೀನಿ ಅಂದಾಗಿತ್ತು.

"ಹೇಳು."

ಬಾವಿ ಹೇಳಿತು. ಹೆಸರು ಹಿಡಿದು ಹೇಳಿತು. ಚಳಿಯನ್ನೂ ಚಿಲಕವನ್ನೂ ಬಿಡಲಿಲ್ಲ.

ವೀನಿ ಅಳಲಿಲ್ಲ. ಕೈ ಬಿಡಿಸಿಕೊಂಡಳು. "ಹೊರಗೇ ನಿಲ್ಲಿಸಿದ್ಯಾ?" ಅಂದಳು.

ಅವಳು ಆಡಿದ ಕೊನೆಯ ಮಾತು ಅದು. ಓಜೆಲ್ಲಾ ಸಾಯುವ ತನಕ ವೀನಿ ಅದೇ ಮನೆಯಲ್ಲಿದ್ದಳು, ಜೋಳದ ರೊಟ್ಟಿ ಸುಟ್ಟು ಬಡಿಸಿದಳು, ಕಾಲು ಒತ್ತಿದಳು. ಓಜೆಲ್ಲಾ ಕಾಲು ಹಿಡಿದು ಬೇಡಿದರೂ "ಅಮ್ಮ" ಅನ್ನಲಿಲ್ಲ.

ವರ್ಡೆಲ್ ಪ್ಲೇಟನ್ನು ಈಗಿನ ಹುಡುಗರೂ ಹುಡುಕಿ ಕೊಳ್ಳುತ್ತಾರೆ. ಸಾಲುಗಳ ನಡುವೆ ಒಂದು ಮಗು "ಹೇಳು" ಅನ್ನುವುದು ಎಷ್ಟು ಚೆಂದ ಅನ್ನುತ್ತಾರೆ. ನನ್ನ ಹತ್ತಿರ ಇರುವುದು ಅದು ಹೊರಬಂದ ವಾರವೇ ಕೊಂಡದ್ದು. ಆಗ ಅದರಲ್ಲಿ ಮಗುವಿನ ದನಿ ಇರಲಿಲ್ಲ. ನಾನು ಸುಳ್ಳು ಹೇಳುವವಳಲ್ಲ.

ಈಗ ಇದೆ.