ಇದು ಯಾರ ಹೊಟ್ಟೆ?

ಮಾನ್ಯ ಅಧ್ಯಕ್ಷರೇ, ವೇದಿಕೆಯ ಗಣ್ಯರೇ, ಇಂದು ಸನ್ಮಾನಗೊಳ್ಳುತ್ತಿರುವ ನಮ್ಮ ಸರ್ಜನ್ ಸಾಹೇಬರೇ, ಅವರ ಕಿರುಚಿತ್ರ ನೋಡಿ ಇನ್ನೂ ಹೊಟ್ಟೆ ಹಿಡಿದುಕೊಂಡು ಕೂತಿರುವ ಸಭಿಕರೇ,

ಇಪ್ಪತ್ತಾರು ವರ್ಷ ಇವರ ಎದುರು ನಿಂತು ಕತ್ತರಿ, ಚಿಮಟ ಎತ್ತಿಕೊಟ್ಟ ನರ್ಸ್ ನಾನು. ಹೊಗಳಿ ಮಾತಾಡಿ ಎಂದು ಕರೆದಿದ್ದಾರೆ. ಹೊಗಳುತ್ತೇನೆ. ಆದರೆ ಮೊದಲೇ ಹೇಳಿಬಿಡುತ್ತೇನೆ: ಎರಡು ತಿಂಗಳು ನಾನು ಇವರನ್ನು ಕಳ್ಳರೆಂದೇ ತಿಳಿದಿದ್ದೆ.

ಕಾರಣ ಈ ಚಿತ್ರವೇ. ಏಳು ನಿಮಿಷ. ಮಾತಿಲ್ಲ, ಸಂಗೀತವಿಲ್ಲ; ಉಸಿರಾಟದ ಯಂತ್ರದ ಸದ್ದು, ಚರ್ಮ, ಚಾಕು, ಅಷ್ಟೇ. ಆಸ್ಪತ್ರೆಯ ಊಟದ ಕೋಣೆಯಲ್ಲಿ ಮೊದಲ ಸಲ ತೋರಿಸಿದಾಗ ಎಲ್ಲರೂ “ಇದು ಕಲೆ, ಇದು ಕಲೆ” ಎಂದರು. ನನಗೂ ಕಲೆ ಕಂಡಿತು. ಹೊಕ್ಕುಳದ ಎಡಕ್ಕೆ, ಬಿಸಿನೀರು ಬಿದ್ದ ಕಲೆ. ಆ ನೀರು ಚೆಲ್ಲಿದವಳು ನಾನೇ, ಒಂಬತ್ತು ವರ್ಷದವಳಿದ್ದಾಗ. ಅದು ನನ್ನ ಅಕ್ಕನ ಹೊಟ್ಟೆ!

ಅವಳ ಪಿತ್ತಕೋಶ ತೆಗೆದ ದಿನ, ಸ್ವಂತದವಳೆಂದು ನನ್ನನ್ನು ಆಪರೇಷನ್ ಥಿಯೇಟರಿನ ಹೊರಗೇ ನಿಲ್ಲಿಸಿದ್ದರು. ಸ್ವಂತದವಳೆಂದೋ, ಕ್ಯಾಮೆರಾ ನನ್ನ ಕಣ್ಣಿಗೆ ಬೀಳಬಾರದೆಂದೋ? ಅನುಮಾನ ಹುಟ್ಟಿದ ಮೇಲೆ ಸುಮ್ಮನಿರುತ್ತದೆಯೇ?

“ಸರ್, ಇದು ಯಾರ ಹೊಟ್ಟೆ?” ಎಂದು ಕೇಳಿದೆ.

“ಅದನ್ನ ಹೇಳೋ ಹಾಗಿಲ್ಲ ಸಿಸ್ಟರ್,” ಎಂದು ಕೈ ತೊಳೆಯತೊಡಗಿದರು.

ಹೇಳುವ ಹಾಗಿಲ್ಲವೇ! ರಜೆಯ ದಿನ ಹೋಗಿ ಕಡತಗಳ ಬೀರು ತೆಗೆದೆ. ತಪ್ಪು, ಅಧ್ಯಕ್ಷರೇ, ಒಪ್ಪಿಕೊಳ್ಳುತ್ತೇನೆ. ಚಿತ್ರೀಕರಣದ ಒಪ್ಪಿಗೆ ಪತ್ರ ಸಿಕ್ಕಿತು. ಅಕ್ಕನ ರುಜು. ನಕಲಿ ಇರಬಹುದೆಂದು ದೀಪದ ಕೆಳಗೆ ಹಿಡಿದು ನೋಡಿದೆ. ಅಲ್ಲ. ಪಕ್ಕದಲ್ಲಿ ಅವಳದೇ ಅಕ್ಷರ: ‘ತಂಗಿಗೆ ತಿಳಿಸಬಾರದು.’

ನೇರ ಮನೆಗೆ ಹೋದೆ. ಅಕ್ಕ ಕಿಟಕಿ ಒರೆಸುತ್ತಿದ್ದಳು.

“ಬಲವಂತ ಮಾಡಿದ್ರಾ?”

“ಇಲ್ಲ ಕಣೇ. ಪೂರ್ತಿ ಓದಿ ನಾನೇ ರುಜು ಹಾಕಿದ್ದು.”

“ನನಗ್ಯಾಕೆ ಹೇಳಲಿಲ್ಲ?”

“ಹೇಳಿದ್ರೆ ಬಿಡ್ತಿದ್ಯಾ? ನನ್ನ ಊಟ, ಔಷಧಿ, ಬಟ್ಟೆ ಎಲ್ಲಾ ನೀನೇ ಆರಿಸ್ತೀಯ. ಆದ್ರೆ ಆ ಕಲೆ ಕಂಡ್ರೆ ಮಾತ್ರ ಮುಖ ತಿರುಗಿಸ್ತೀಯ. ಯಾರಾದ್ರೂ ಒಬ್ರು ಸರಿಯಾಗಿ ನೋಡ್ಲಿ ಅನ್ನಿಸ್ತು.”

ಸಭಿಕರೇ, ಸಾವಿರಾರು ಹೊಟ್ಟೆ ಕಂಡವಳು ನಾನು; ಆ ಒಂದನ್ನು ಮಾತ್ರ ಸರಿಯಾಗಿ ನೋಡಿರಲಿಲ್ಲ. ಅವಳ ಕೈಯಿಂದ ಬಟ್ಟೆ ತೆಗೆದುಕೊಂಡು ಉಳಿದ ಗಾಜು ಒರೆಸಲು ಹೊರಟೆ. “ಅದನ್ನೂ ನಾನೇ ಒರೆಸ್ತೀನಿ, ಕೂತ್ಕೋ,” ಎಂದಳು. ಕೂತೆ.

ಇಂದು ಅವಳ ಪಕ್ಕದಲ್ಲೇ ಕೂತು ಏಳು ನಿಮಿಷವೂ ಕಣ್ಣು ಮುಚ್ಚದೆ ನೋಡಿದೆ. ಸರ್, ನೀವು ಅವಳಿಗೆ ಕೊಟ್ಟ ಮಾತು ಉಳಿಸಿಕೊಂಡಿರಿ. ಅದಕ್ಕಿಂತ ದೊಡ್ಡ ಹೊಗಳಿಕೆ ನನ್ನ ಬಳಿ ಇಲ್ಲ, ಅನುಮಾನಪಟ್ಟದ್ದಕ್ಕೆ ಕ್ಷಮಿಸಿ.

ಅಕ್ಕನ ಗುಟ್ಟನ್ನು ಸಭೆಯಲ್ಲಿ ಹೇಳಿಬಿಟ್ಟಳಲ್ಲ ಎಂದುಕೊಳ್ಳಬೇಡಿ. ಈ ಸಲ ಅವಳನ್ನು ಕೇಳಿಯೇ ಬಂದಿದ್ದೇನೆ. ತಾಳ್ಮೆಯಿಂದ ಕೇಳಿದ ತಮಗೆಲ್ಲ ಕೃತಜ್ಞತೆಗಳು. ಮೊದಲ ನಮಸ್ಕಾರ ಮೂರನೆಯ ಸಾಲಿನಲ್ಲಿರುವ ಅವಳಿಗೆ, ಆಮೇಲೆ ನಿಮಗೆಲ್ಲರಿಗೂ. ನಮಸ್ಕಾರ.